ಬಿಲ್ಲಿ ಲಿಡ್ಡೆಲ್ ಲೆಕ್ಕ ಬರೆಯುವುದು ಹೇಗೆ?

ಫುಟ್‌ಬಾಲ್ ಆಟಗಾರ ಬಿಲ್ಲಿ ಲಿಡ್ಡೆಲ್ ಇಂಗ್ಲೆಂಡಿನ ಲಿವರ್‌ಪೂಲ್ ಕ್ಲಬ್ ಪರ ಆಡಿದ ಪಂದ್ಯಗಳು 534, ಹೊಡೆದ ಗೋಲುಗಳು 228. ಈ ಲೆಕ್ಕದಲ್ಲಿ ತಪ್ಪಿಲ್ಲ. ಆದರೆ ಕ್ರೀಡಾ ಅಂಕಿಅಂಶ ಬರೆಯುವುದೇ ನನ್ನ ಕೆಲಸ, ಆ ಸಾಲು ನೋಡಿದರೆ ಸಮಾಧಾನವಾಗುವುದಿಲ್ಲ. ಅವರು ಕ್ಲಬ್ ಸೇರಿದ್ದು 1938ರಲ್ಲಿ. ಮೊದಲ ಅಧಿಕೃತ ಪಂದ್ಯ ಆಡಿದ್ದು 1946ರ ಜನವರಿ 5ರಂದು, ಚೆಸ್ಟರ್ ವಿರುದ್ಧ, ಇಂಗ್ಲೆಂಡಿನ ನಾಕೌಟ್ ಟೂರ್ನಿ ಎಫ್‌ಎ ಕಪ್‌ನಲ್ಲಿ. ಆಗ ಅವರಿಗೆ 24 ತುಂಬಲು ಐದೇ ದಿನ ಬಾಕಿ. ಹಾಗಾದರೆ ಅಷ್ಟು ವರ್ಷ ಸುಮ್ನೆ ಕೂತಿದ್ದರಾ?

ಇಲ್ಲ. ಆಡುತ್ತಲೇ ಇದ್ದರು.

ಲಿಡ್ಡೆಲ್ ಸ್ಕಾಟ್ಲೆಂಡಿನ ಡನ್‌ಫರ್ಮ್ಲಿನ್ ಪಕ್ಕದ ಟೌನ್‌ಹಿಲ್‌ನವರು. ಅಪ್ಪ ಕಲ್ಲಿದ್ದಲು ಗಣಿಯಲ್ಲಿ ದುಡಿಯುತ್ತಿದ್ದರು. ಹುಡುಗ ಅಕೌಂಟೆನ್ಸಿ ಕಲಿಯುವುದಕ್ಕೂ ಕ್ಲಬ್ ವ್ಯವಸ್ಥೆ ಮಾಡಬೇಕು ಅನ್ನುವುದು ಮನೆಯವರ ಷರತ್ತು. ಆಗ ಲಿವರ್‌ಪೂಲ್‌ನಲ್ಲಿ ಆಡುತ್ತಿದ್ದ ಮ್ಯಾಟ್ ಬಸ್ಬಿ ಹೇಳಿದ ಮೇಲೆ ಕ್ಲಬ್ ಈ ಹುಡುಗನ ಕಡೆ ನೋಡಿತು.

1939ರ ಸೆಪ್ಟೆಂಬರ್ 3ರಂದು ಬ್ರಿಟನ್ ಜರ್ಮನಿ ಮೇಲೆ ಯುದ್ಧ ಘೋಷಿಸಿತು. ಮೂರು ಸುತ್ತು ಮುಗಿದಿದ್ದ ಇಂಗ್ಲಿಷ್ ಲೀಗ್ ನಿಂತಿತು, ಆ ಪಂದ್ಯಗಳೂ ದಾಖಲೆಯಿಂದ ಹೋದವು. ಆಟಗಾರರ ಒಪ್ಪಂದಗಳನ್ನು ಅಮಾನತಿನಲ್ಲಿಟ್ಟರು. ಸ್ವಲ್ಪ ದಿನಕ್ಕೇ ಹತ್ತಿರದ ಊರುಗಳ ತಂಡಗಳನ್ನು ಸೇರಿಸಿ ಪ್ರಾದೇಶಿಕ ಟೂರ್ನಿ ಶುರು ಮಾಡಿದರು. ಈ ಯುದ್ಧಕಾಲದ ಪಂದ್ಯಗಳು ಅಧಿಕೃತ ಲೆಕ್ಕಕ್ಕೆ ಸೇರುವುದಿಲ್ಲ. ಸೈನ್ಯ ಸೇರಿದ ಆಟಗಾರ ತನ್ನ ಶಿಬಿರದ ಹತ್ತಿರ ಯಾವ ಕ್ಲಬ್ ಇದೆಯೋ ಅದಕ್ಕೆ ಅತಿಥಿಯಾಗಿ ಆಡಬಹುದಿತ್ತು. ಹಾಗಾಗಿಯೇ ಸೇನಾ ಪಟ್ಟಣ ಆಲ್ಡರ್‌ಶಾಟ್‌ನ ಪುಟ್ಟ ತಂಡದಲ್ಲಿ ಟಾಮಿ ಲಾಟನ್, ಸ್ಟ್ಯಾನ್ ಕಲಿಸ್, ಜೋ ಮರ್ಸರ್ ಅವರಂಥ ಇಂಗ್ಲೆಂಡ್ ಆಟಗಾರರು ಕಾಣಿಸಿಕೊಂಡರು.

ಇದರ ಇನ್ನೊಂದು ಮುಖವೂ ಇದೆ. 1940ರ ಕ್ರಿಸ್‌ಮಸ್ ದಿನ ಬ್ರೈಟನ್ ತಂಡ ನಾರ್ವಿಚ್‌ಗೆ ಬಂದಾಗ ಜೊತೆಗಿದ್ದದ್ದು ಐದೇ ಆಟಗಾರರು. ಉಳಿದ ಜಾಗಕ್ಕೆ ನಾರ್ವಿಚ್‌ನ ಮೀಸಲು ಆಟಗಾರರನ್ನೂ ಪ್ರೇಕ್ಷಕರ ನಡುವೆ ಇದ್ದ ಸೈನಿಕರನ್ನೂ ಇಳಿಸಿದರು. ನಾರ್ವಿಚ್ 18-0ಯಿಂದ ಗೆದ್ದಿತು. ಅಂಥ ಗೋಲನ್ನೂ ಲೀಗ್ ಗೋಲನ್ನೂ ಒಂದೇ ಮೊತ್ತಕ್ಕೆ ಕೂಡಿಸಿದರೆ ಅದು ಓದುಗರಿಗೆ ಮಾಡುವ ಮೋಸ.

ಹಾಗಂತ ಎಲ್ಲವನ್ನೂ ಅಳಿಸಿಬಿಡುವುದೂ ಸರಿಯಲ್ಲ. 1942ರ ಏಪ್ರಿಲ್ 18ರಂದು ಗ್ಲಾಸ್ಗೋದ ಹ್ಯಾಂಪ್ಡನ್ ಪಾರ್ಕ್ ಮೈದಾನದಲ್ಲಿ ನಡೆದ ಪಂದ್ಯವನ್ನೇ ನೋಡಿ. ಸ್ಕಾಟ್ಲೆಂಡ್ ಎದುರು ಇಂಗ್ಲೆಂಡ್, ಸುಮಾರು 90 ಸಾವಿರ ಜನ. ಇಂಗ್ಲೆಂಡ್ ಕಡೆ ಲಾಟನ್ ಮೂರು ಗೋಲು ಹೊಡೆದರು. ಸ್ಕಾಟ್ಲೆಂಡ್ ಕಡೆ ಜಾಕ್ ಡಾಡ್ಸ್ ಅವರದೂ ಮೂರು. ದೇಶಕ್ಕಾಗಿ ಮೊದಲ ಸಲ ಆಡುತ್ತಿದ್ದ, 20 ವರ್ಷದ ಲಿಡ್ಡೆಲ್ ಒಂದು ಹೊಡೆದರು. ಕೊನೆಗೆ ಸ್ಕಾಟ್ಲೆಂಡಿನ ಬಿಲ್ ಶಾಂಕ್ಲಿ ತುಂಬಾ ದೂರದಿಂದ ಒದ್ದ ಚೆಂಡು ಗೋಲಿಗೆ ಹೋಯಿತು. 5-4! ಇದನ್ನು ಕಳಪೆ ಆಟ ಅನ್ನೋಕಾಗುತ್ತಾ? ಆದರೂ ಅಧಿಕೃತ ಅಂತರರಾಷ್ಟ್ರೀಯ ಪಂದ್ಯಗಳ ಪಟ್ಟಿಯಲ್ಲಿ ಇದಕ್ಕೆ ಜಾಗವಿಲ್ಲ. ಶಾಂಕ್ಲಿ ಹೆಸರಲ್ಲಿ ಐದು ಅಧಿಕೃತ ಪಂದ್ಯಗಳಿವೆ, ಗೋಲು ಮಾತ್ರ ಸೊನ್ನೆ.

ಆಮೇಲೆ ಲಿಡ್ಡೆಲ್ ವಾಯುಪಡೆ ಸೇರಿದರು. ಕೆನಡಾದಲ್ಲಿ ತರಬೇತಿ ಪಡೆದು ನ್ಯಾವಿಗೇಟರ್, ಅಂದರೆ ವಿಮಾನದ ದಾರಿ ಗುರುತಿಸುವವರು, ಆದರು. ಅಲ್ಲೂ ಫುಟ್‌ಬಾಲ್ ಬಿಡಲಿಲ್ಲ. 1946ರ ಸೆಪ್ಟೆಂಬರ್‌ನಲ್ಲಿ ಮೊದಲ ಲೀಗ್ ಪಂದ್ಯಕ್ಕೆ ಲಿವರ್‌ಪೂಲ್‌ನ ತವರು ಮೈದಾನ ಆನ್‌ಫೀಲ್ಡ್‌ಗೆ ಇಳಿದಾಗ ಕಾರ್ನರ್ ಕಿಕ್‌ನಿಂದ ನೇರವಾಗಿ ಗೋಲು ಹೊಡೆದರು. ಚೆಲ್ಸಿ ಎದುರು ಲಿವರ್‌ಪೂಲ್‌ಗೆ 7-4ರ ಗೆಲುವು. ದಾಖಲೆ ನೋಡಿದವರಿಗೆ ಅವರು ಹೊಸಬ. ನಿಜಕ್ಕೂ ಆರೇಳು ವರ್ಷ ದೊಡ್ಡವರ ಜೊತೆ ಆಡಿ ಪಳಗಿದ ಆಟಗಾರ ಅಲ್ವಾ? ಆ ಋತುವಿನಲ್ಲೇ ಲಿವರ್‌ಪೂಲ್ ಚಾಂಪಿಯನ್ ಆಯಿತು.

ಅದಕ್ಕೇ ನಾನು ಇಂಥ ಆಟಗಾರರಿಗೆ ಎರಡು ಸಾಲು ಬರೆಯುತ್ತೇನೆ. ಮೊದಲನೆಯದು ಅಧಿಕೃತ, ಎರಡನೆಯದು ಯುದ್ಧಕಾಲದ್ದು. ಎರಡನ್ನೂ ಕೂಡಿಸುವುದಿಲ್ಲ, ಎರಡನೆಯದನ್ನು ಅಡಿಟಿಪ್ಪಣಿಗೂ ತಳ್ಳುವುದಿಲ್ಲ. ಲಿಡ್ಡೆಲ್‌ಗೆ ಸ್ಕಾಟ್ಲೆಂಡ್ ಪರ ಮೊದಲ ಸಾಲಿನಲ್ಲಿ 28 ಪಂದ್ಯ, ಎರಡನೆಯದರಲ್ಲಿ 8. ಜಾಕ್ ಡಾಡ್ಸ್ ಅವರ ಮೊದಲ ಸಾಲು ಪೂರ್ತಿ ಖಾಲಿ. ಹ್ಯಾಂಪ್ಡನ್‌ನ ಆ ಮೂರು ಗೋಲುಗಳನ್ನು ಬರೆಯಲು ಇರುವುದು ಎರಡನೇ ಸಾಲು ಮಾತ್ರ.