ದನಿಗೂಡಿಸುವ ಕಲೆ: ಎಮ್ಮಿಲೂ ಹ್ಯಾರಿಸ್ ನಡೆದ ಹಾದಿ

1981ರ ಆರಂಭದಲ್ಲಿ ಅಮೆರಿಕದ ರೇಡಿಯೊಗಳಲ್ಲಿ ‘ಮಿಸ್ಟರ್ ಸ್ಯಾಂಡ್‌ಮನ್’ ಎಂಬ ಹಳೆಯ ಹಾಡೊಂದು ಹೊಸ ರೂಪದಲ್ಲಿ ಕೇಳಿಬರತೊಡಗಿತು. ಮೂರು ಹೆಣ್ಣುದನಿಗಳು ಜಡೆ ಹೆಣೆದಂತೆ ಒಂದರೊಳಗೊಂದು ಸೇರಿಕೊಂಡು ಸಾಗುವ ಆ ಹಾಡು ಅಮೆರಿಕದ ಹಳ್ಳಿಗಾಡಿನ ಜನಪದದಿಂದ ಬೆಳೆದ ಕಂಟ್ರಿ ಸಂಗೀತದ ಪಟ್ಟಿಯಲ್ಲಿ 10ನೆಯ ಸ್ಥಾನಕ್ಕೂ ಪಾಪ್ ಪಟ್ಟಿಯಲ್ಲಿ 37ನೆಯ ಸ್ಥಾನಕ್ಕೂ ಏರಿತು. ಆ ಮೂರೂ ದನಿಗಳು ಒಬ್ಬರದೇ ಆಗಿದ್ದವು. ಆಲ್ಬಂಗಾಗಿ ಅದನ್ನು ಅಮೆರಿಕದ ಕಂಟ್ರಿ ಗಾಯಕಿ ಎಮ್ಮಿಲೂ ಹ್ಯಾರಿಸ್ ತಮ್ಮ ಗಾಯಕಿ ಗೆಳತಿಯರಾದ ಡಾಲಿ ಪಾರ್ಟನ್ ಮತ್ತು ಲಿಂಡಾ ರಾನ್‌ಸ್ಟಾಟ್ ಜೊತೆಗೂಡಿ ಹಾಡಿದ್ದರು. ಆದರೆ ಅದೇ ಧ್ವನಿಮುದ್ರಣವನ್ನು ಸಿಂಗಲ್, ಅಂದರೆ ಬಿಡಿ ಹಾಡಿನ ಮುದ್ರಿಕೆಯಾಗಿ ಹೊರತರಲು ಆ ಇಬ್ಬರ ರೆಕಾರ್ಡ್ ಕಂಪನಿಗಳ ಒಪ್ಪಿಗೆ ಸಿಗಲಿಲ್ಲ. ಹಾಗಾಗಿ ಹ್ಯಾರಿಸ್ ಮತ್ತೆ ಸ್ಟುಡಿಯೊ ಸೇರಿ, ಗೆಳತಿಯರ ಪಾಲನ್ನೂ ತಾವೇ ಹಾಡಿ, ಒಂದರ ಮೇಲೊಂದು ಕೂಡಿಸಿದರು.

ಜೊತೆಗೂಡಿ ಹಾಡುವುದಕ್ಕೇ ಹೆಸರಾದ ಕಲಾವಿದೆಯೊಬ್ಬರು ಹೀಗೆ ಒಂಟಿಯಾಗಿ ಮೂವರಾಗಬೇಕಾಗಿ ಬಂದ ಪ್ರಸಂಗದಲ್ಲಿ ಅವರ ಇಡೀ ವೃತ್ತಿಜೀವನದ ಎರಡು ಎಳೆಗಳೂ ಕಾಣುತ್ತವೆ. ಇನ್ನೊಬ್ಬರ ದನಿಯ ಪಕ್ಕದಲ್ಲಿ ತನ್ನ ದನಿಗೆ ಎಲ್ಲಿ ಜಾಗ ಎಂಬುದನ್ನು ಕಂಡುಕೊಳ್ಳುವ ಅಪರೂಪದ ಕೌಶಲ ಒಂದು. ಗಾಯಕರು ಕೂಡಿ ಹಾಡಬೇಕೆಂದರೂ ಕರಾರುಪತ್ರಗಳು ಕೂಡಗೊಡದ ವ್ಯವಸ್ಥೆ ಇನ್ನೊಂದು. ಹ್ಯಾರಿಸ್ ಅವರನ್ನು ಕುರಿತ ಬರಹಗಳಲ್ಲಿ ಅವರ ಸಹಗಾಯನವನ್ನು ಬಹುಪಾಲು ಅಲಂಕಾರವೆಂಬಂತೆ, ದೊಡ್ಡ ಹೆಸರುಗಳ ಪಟ್ಟಿಯೆಂಬಂತೆ ಹೇಳಿ ಮುಗಿಸಲಾಗುತ್ತದೆ. ಸಹಗಾಯನವೇ ಅವರ ಮೂಲ ವಿದ್ಯೆ, ಅವರು ಬರೆದ ಹಾಡುಗಳೂ ಆ ವಿದ್ಯೆಯಿಂದಲೇ ಹುಟ್ಟಿದವು ಎಂಬುದು ನನ್ನ ತಿಳಿವಳಿಕೆ.

ಹ್ಯಾರಿಸ್ ಹುಟ್ಟಿದ್ದು 1947ರ ಏಪ್ರಿಲ್ 2ರಂದು, ಅಲಬಾಮಾ ರಾಜ್ಯದ ಬರ್ಮಿಂಗ್‌ಹ್ಯಾಮ್‌ನಲ್ಲಿ. ತಂದೆ ಮರೀನ್ ಪಡೆಯ ಅಧಿಕಾರಿ. ಕೊರಿಯಾ ಯುದ್ಧದಲ್ಲಿ ಸೆರೆಸಿಕ್ಕು ತಿಂಗಳುಗಟ್ಟಲೆ ಶತ್ರುಗಳ ವಶದಲ್ಲಿದ್ದು ಮರಳಿದವರು. ಮಗಳು ಶಾಲೆಯಲ್ಲಿ ಮೊದಲ ಸ್ಥಾನ ಪಡೆದು, ನಾಟಕ ಕಲಿಯಲೆಂದು ವಿದ್ಯಾರ್ಥಿವೇತನದ ಮೇಲೆ ನಾರ್ತ್ ಕೆರೊಲಿನಾದ ವಿಶ್ವವಿದ್ಯಾಲಯ ಸೇರಿದರೂ ಓದನ್ನು ಅರ್ಧಕ್ಕೇ ಬಿಟ್ಟು, ನ್ಯೂಯಾರ್ಕಿನ ಗ್ರೀನಿಚ್ ವಿಲೇಜ್‌ನ ಕಾಫಿಹೌಸುಗಳಲ್ಲಿ ಗಿಟಾರ್ ಹಿಡಿದು ಜನಪದ ಧಾಟಿಯ ಹಾಡುಗಳನ್ನು ಹಾಡತೊಡಗಿದರು. 1969ರಲ್ಲಿ ಬಂದ ಮೊದಲ ಆಲ್ಬಂ ಹೆಚ್ಚು ಜನರನ್ನು ಮುಟ್ಟುವ ಮೊದಲೇ ಅದನ್ನು ಹೊರತಂದ ಕಂಪನಿ ದಿವಾಳಿಯಾಯಿತು. ಮದುವೆಯೂ ಮುರಿಯಿತು. ಎಳೆಯ ಮಗಳನ್ನು ಎತ್ತಿಕೊಂಡು ಅವರು ವಾಷಿಂಗ್ಟನ್ ನಗರದ ಬಳಿಯಿದ್ದ ತಂದೆತಾಯಿಯ ಮನೆಗೆ ಹಿಂತಿರುಗಿದರು. ಸಂಜೆಯ ಹೊತ್ತು ಅಲ್ಲಿನ ಬಾರುಗಳಲ್ಲಿ ಹಾಡಿ ಸಂಪಾದಿಸುವುದು ಅಭ್ಯಾಸವಾಯಿತು.

1971ರಲ್ಲಿ ಫ್ಲೈಯಿಂಗ್ ಬರಿಟೊ ಬ್ರದರ್ಸ್ ತಂಡದ ಕ್ರಿಸ್ ಹಿಲ್‌ಮನ್ ಅಲ್ಲಿ ಹ್ಯಾರಿಸ್ ಹಾಡುವುದನ್ನು ಕೇಳಿದರು. ಆ ತಂಡವನ್ನು ಅದಾಗಲೇ ಬಿಟ್ಟಿದ್ದ ಗ್ರ್ಯಾಮ್ ಪಾರ್ಸನ್ಸ್ ತಮ್ಮ ಸ್ವಂತ ಆಲ್ಬಂಗಾಗಿ ಜೊತೆಗೆ ಹಾಡಬಲ್ಲ ಹೆಣ್ಣುದನಿಯನ್ನು ಹುಡುಕುತ್ತಿದ್ದರು. ಹಿಲ್‌ಮನ್ ಪಾರ್ಸನ್ಸ್‌ಗೆ ಹ್ಯಾರಿಸ್ ವಿಷಯ ಮುಟ್ಟಿಸಿದರು. ಪಾರ್ಸನ್ಸ್ ಬಂದು ಕೇಳಿದರು, ಇಬ್ಬರೂ ಕೂತು ಒಂದೆರಡು ಹಾಡು ಕೂಡಿ ಹಾಡಿದರು, ಅಷ್ಟೇ. ವರ್ಷದ ಬಳಿಕ ಲಾಸ್ ಏಂಜಲೀಸ್‌ಗೆ ಬರುವಂತೆ ವಿಮಾನದ ಟಿಕೆಟ್ ಬಂತು. ಅಲ್ಲಿ ಎಲ್ವಿಸ್ ಪ್ರೀಸ್ಲಿಯ ತಂಡದಲ್ಲಿ ನುಡಿಸುತ್ತಿದ್ದ ಜೇಮ್ಸ್ ಬರ್ಟನ್, ಗ್ಲೆನ್ ಡಿ. ಹಾರ್ಡಿನ್ ಮೊದಲಾದ ವಾದಕರ ನಡುವೆ ನಿಂತು, ಅಲ್ಲಿಯವರೆಗೆ ತಾವು ಅಷ್ಟಾಗಿ ಗಂಭೀರವಾಗಿ ಪರಿಗಣಿಸದಿದ್ದ ಕಂಟ್ರಿ ಸಂಗೀತವನ್ನು ಹ್ಯಾರಿಸ್ ಹಾಡುತ್ತ ಹಾಡುತ್ತಲೇ ಕಲಿತರು. ಜಾರ್ಜ್ ಜೋನ್ಸ್, ಲೂವಿನ್ ಬ್ರದರ್ಸ್ ಮೊದಲಾದವರ ಹಾಡಿನ ಲೋಕಕ್ಕೆ ಅವರನ್ನು ಕೈಹಿಡಿದು ಕರೆದೊಯ್ದವರು ಪಾರ್ಸನ್ಸ್.

ಇಲ್ಲಿ ಹಾರ್ಮನಿ ಎಂಬ ಮಾತನ್ನು ಸ್ವಲ್ಪ ಬಿಡಿಸಿ ಹೇಳಬೇಕು. ನಮ್ಮಲ್ಲಿ ಸಹಗಾಯನವೆಂದರೆ ಬಹುಮಟ್ಟಿಗೆ ಎಲ್ಲರೂ ಒಂದೇ ಸ್ವರವನ್ನು ಹಿಡಿದು ಹಾಡುವುದು. ಭಜನೆಯಾಗಲಿ, ಮುಂದಿನವರು ಹೇಳಿದ್ದನ್ನು ಹಿಂದಿನವರು ಎತ್ತಿಕೊಳ್ಳುವ ಸೋಬಾನೆಯಾಗಲಿ, ಗಂಡುದನಿ ಹೆಣ್ಣುದನಿ ಸೇರಿದಾಗ ಸ್ಥಾಯಿ ಬದಲಾಗುತ್ತದೆಯೇ ಹೊರತು ಸ್ವರ ಬದಲಾಗುವುದಿಲ್ಲ. ಹಾರ್ಮನಿಯಲ್ಲಿ ಮುಖ್ಯ ಗಾಯಕ ಶಂಕರಾಭರಣದ ಸ್ವರಗಳಲ್ಲಿ ಸ-ರಿ-ಗ ಎಂದು ಏರುವಾಗ ಜೊತೆಯವರು ಅದೇ ಹೊತ್ತಿಗೆ ಗ-ಮ-ಪ ಎಂದು ಏರುತ್ತಾರೆ. ಸ ಮತ್ತು ಗ ನಡುವೆ ನಾಲ್ಕು ಸ್ವರಸ್ಥಾನಗಳ ದೂರವಿದ್ದರೆ, ರಿ ಮತ್ತು ಮ ನಡುವೆ ಇರುವುದು ಮೂರೇ. ಈ ದೂರ ಹೆಜ್ಜೆಹೆಜ್ಜೆಗೂ ಹಿಗ್ಗಿ ಕುಗ್ಗುತ್ತಿರುವುದರಿಂದ ಅದನ್ನು ಲೆಕ್ಕ ಹಾಕಿ ಹಾಡಲಾಗುವುದಿಲ್ಲ, ಕಿವಿಯಿಂದಲೇ ಹಿಡಿಯಬೇಕು. ಅಷ್ಟಾದರೂ ಸಾಲದು. ಇಬ್ಬರೂ ಒಂದೇ ಕಡೆ ಉಸಿರೆಳೆಯಬೇಕು, ಸ್ವರಾಕ್ಷರವನ್ನು ಒಂದೇ ಅಳತೆಗೆ ಎಳೆಯಬೇಕು, ಪದದ ಕೊನೆಯ ವ್ಯಂಜನ ಎರಡು ಬಾಯಿಗಳಿಂದ ಒಟ್ಟಿಗೇ ಬೀಳಬೇಕು. ಲೂವಿನ್ ಸೋದರರಂತಹ ಒಡಹುಟ್ಟಿದವರಿಗೆ ಇದು ಚಿಕ್ಕಂದಿನಿಂದ ಒಟ್ಟಿಗೆ ಬೆಳೆದದ್ದರಿಂದ ದಕ್ಕಿದ ವರ. ಬೇರೆ ಬೇರೆ ಊರುಗಳಲ್ಲಿ ಬೆಳೆದ ಇಬ್ಬರಿಗೆ ಅದು ಸಲ್ಲಬೇಕಾದರೆ ಒಬ್ಬರು ಮತ್ತೊಬ್ಬರನ್ನು ತುಂಬಾ ಹತ್ತಿರದಿಂದ ಆಲಿಸಬೇಕಾಗುತ್ತದೆ.

ಪಾರ್ಸನ್ಸ್ ಜೊತೆಗಿನ ‘ಲವ್ ಹರ್ಟ್ಸ್’ ಹಾಡನ್ನು ಒಮ್ಮೆ ಕಣ್ಣು ಮುಚ್ಚಿ ಕೇಳಿದರೆ ಇದು ಅರ್ಥವಾಗುತ್ತದೆ. ಪಾರ್ಸನ್ಸ್ ದನಿ ಅಷ್ಟೇನೂ ಗಟ್ಟಿಯಲ್ಲ. ಅಲ್ಲಲ್ಲಿ ಬಿರಿಯುತ್ತದೆ, ಒಮ್ಮೊಮ್ಮೆ ಶ್ರುತಿಯ ಅಂಚಿನವರೆಗೂ ಜಾರುತ್ತದೆ. ಹ್ಯಾರಿಸ್ ಆ ಬಿರುಕುಗಳನ್ನು ಮುಚ್ಚಲು ಹೋಗುವುದಿಲ್ಲ. ಅವರು ಎಲ್ಲಿ ನಿಧಾನಿಸುತ್ತಾರೋ ಅಲ್ಲಿ ತಾವೂ ನಿಧಾನಿಸಿ, ಅವರು ಬಿದ್ದಲ್ಲಿ ತಾವು ಸ್ವರವನ್ನು ತೆಳ್ಳಗೆ ಎತ್ತಿ ಹಿಡಿಯುತ್ತಾರೆ. ಆ ಮೇಲುದನಿಯನ್ನಷ್ಟೇ ಬೇರ್ಪಡಿಸಿ ಗುನುಗಿಕೊಂಡರೂ ಅದು ಅರೆಬರೆಯೆನಿಸದೆ, ತನ್ನಷ್ಟಕ್ಕೆ ಪೂರ್ಣವಾದ ಇನ್ನೊಂದು ರಾಗಸಂಯೋಜನೆಯಂತೆ ನಿಲ್ಲುತ್ತದೆ. ಇಬ್ಬರೂ ಸೇರಿ ಹಾಡಿದ ಮೊದಲ ಆಲ್ಬಂ 1973ರಲ್ಲಿ ಹೊರಬಂತು. ಎರಡನೆಯದು ಬಿಡುಗಡೆಯಾಗುವ ಮೊದಲೇ, ಅದೇ ವರ್ಷದ ಸೆಪ್ಟೆಂಬರ್ 19ರಂದು, ಕ್ಯಾಲಿಫೋರ್ನಿಯಾದ ಜೋಶುವಾ ಟ್ರೀಯಲ್ಲಿ ಪಾರ್ಸನ್ಸ್ ಮಾದಕವಸ್ತು ಮತ್ತು ಮದ್ಯದ ಅತಿಸೇವನೆಯಿಂದ ತೀರಿಕೊಂಡರು. ಅವರಿಗೆ ಆಗ 26 ವರ್ಷ. ಆ ಸಾವಿನ ಸುತ್ತ ಹಬ್ಬಿದ ಕಥೆಗಳು ಹಲವಿವೆ. ನಮ್ಮ ವಿಷಯಕ್ಕೆ ಅವು ಬೇಕಿಲ್ಲ. ಜೊತೆದನಿಯಾಗಿ ರೂಪುಗೊಂಡ ಗಾಯಕಿಯೊಬ್ಬರ ಪಕ್ಕದ ಮುಖ್ಯದನಿ ಇದ್ದಕ್ಕಿದ್ದಂತೆ ಇಲ್ಲವಾದದ್ದು ಮಾತ್ರ ಇಲ್ಲಿ ಮುಖ್ಯ.

1975ರಲ್ಲಿ ಬಂದ ‘ಪೀಸಸ್ ಆಫ್ ದ ಸ್ಕೈ’ ಆ ಖಾಲಿತನದಿಂದಲೇ ಹುಟ್ಟಿದ ಆಲ್ಬಂ. ಅದರಲ್ಲಿ ಪಾರ್ಸನ್ಸ್ ನೆನಪಿಗೆ ಬರೆದ ಶೋಕಗೀತೆ ‘ಬೋಲ್ಡರ್ ಟು ಬರ್ಮಿಂಗ್‌ಹ್ಯಾಮ್’ ಇದೆ. ಅದನ್ನು ಹ್ಯಾರಿಸ್ ಬರೆದದ್ದು ಬಿಲ್ ಡ್ಯಾನಾಫ್ ಜೊತೆ ಸೇರಿ. ಜಾನ್ ಡೆನ್ವರ್ ಹಾಡಿ ಜಗತ್ತಿನಾದ್ಯಂತ ಪ್ರಸಿದ್ಧವಾದ ‘ಕಂಟ್ರಿ ರೋಡ್ಸ್’ ಹಾಡಿನ ರಚನಕಾರರಲ್ಲಿ ಈ ಡ್ಯಾನಾಫ್ ಕೂಡ ಒಬ್ಬರು. ತಮ್ಮ ಅತ್ಯಂತ ಖಾಸಗಿ ದುಃಖವನ್ನು ಹೇಳಿಕೊಳ್ಳುವಾಗಲೂ ಹ್ಯಾರಿಸ್ ಪಕ್ಕದಲ್ಲಿ ಇನ್ನೊಬ್ಬರನ್ನು ಕೂರಿಸಿಕೊಂಡಿದ್ದರೆಂಬುದು ನನಗೆ ಸಣ್ಣ ಸಂಗತಿಯಾಗಿ ಕಾಣುವುದಿಲ್ಲ. ಅದೇ ಆಲ್ಬಂನ ಲೂವಿನ್ ಬ್ರದರ್ಸ್ ಹಾಡು ಕಂಟ್ರಿ ಪಟ್ಟಿಯ 4ನೆಯ ಸ್ಥಾನಕ್ಕೇರಿತು. ಪಾರ್ಸನ್ಸ್ ಕಲಿಸಿಕೊಟ್ಟಿದ್ದ ಪರಂಪರೆ ಹೀಗೆ ಅವರಿಲ್ಲದೆಯೂ ಕೇಳುಗರನ್ನು ತಲುಪಿತು.

ಈ ಹಂತದಲ್ಲಿ ಅವರು ಕಟ್ಟಿದ ವಾದ್ಯತಂಡದ ಹೆಸರು ಹಾಟ್ ಬ್ಯಾಂಡ್. ಪ್ರೀಸ್ಲಿಯ ಹಳೆಯ ವಾದಕರ ಜೊತೆಗೆ ಟೆಕ್ಸಸ್‌ನ ಯುವಕ ರಾಡ್ನಿ ಕ್ರೌವೆಲ್, ಇಂಗ್ಲೆಂಡಿನ ಗಿಟಾರ್ ವಾದಕ ಆಲ್ಬರ್ಟ್ ಲೀ, ಮುಂದೆ ರಿಕಿ ಸ್ಕ್ಯಾಗ್ಸ್ ಅದರಲ್ಲಿ ಬಂದುಹೋದರು. ಕ್ರೌವೆಲ್ ಮತ್ತು ಸ್ಕ್ಯಾಗ್ಸ್ ಮುಂದೆ ತಾವೇ ದೊಡ್ಡ ತಾರೆಗಳಾದರು. 1980ರಲ್ಲಿ ಸ್ಕ್ಯಾಗ್ಸ್ ಒತ್ತಾಸೆಯಿಂದ ಬ್ಯಾಂಜೊ, ಪಿಟೀಲು, ಮ್ಯಾಂಡೊಲಿನ್‌ಗಳ ಹಳೆಯ ಜಾಡಿನ ಬ್ಲೂಗ್ರಾಸ್ ಶೈಲಿಯ ಆಲ್ಬಂ ಒಂದನ್ನು ತಂದಾಗ ಅದು ಮಾರಾಟವಾಗದೆಂಬ ಆತಂಕ ಕಂಪನಿಯವರಿಗಿತ್ತು. ‘ರೋಸಸ್ ಇನ್ ದ ಸ್ನೋ’ ಎಂಬ ಆ ಆಲ್ಬಂ ಐದು ಲಕ್ಷ ಪ್ರತಿಗಳಿಗೆ ಸಿಗುವ ಗೋಲ್ಡ್ ಮನ್ನಣೆ ಪಡೆಯಿತು.

ಇದರ ನಡುವೆ ಇತರರ ಆಲ್ಬಂಗಳಿಗೂ ಕರೆ ಬರುತ್ತಿತ್ತು. 1975ರ ಬೇಸಿಗೆಯಲ್ಲಿ ಬಾಬ್ ಡಿಲನ್ ತಮ್ಮ ‘ಡಿಸೈರ್’ ಆಲ್ಬಂಗಾಗಿ ಹ್ಯಾರಿಸ್ ಅವರನ್ನು ನ್ಯೂಯಾರ್ಕಿಗೆ ಕರೆಸಿದರು. ತಾಲೀಮು ಎಂಬುದೇ ಇಲ್ಲ. ಡಿಲನ್ ಒಂದು ಸಲ ಹಾಡಿದಂತೆ ಮತ್ತೊಂದು ಸಲ ಹಾಡುವವರಲ್ಲ. ಎದುರಿಗಿದ್ದ ಸಾಹಿತ್ಯದ ಹಾಳೆಯ ಮೇಲೊಂದು ಕಣ್ಣು, ಡಿಲನ್ ತುಟಿಗಳ ಮೇಲೊಂದು ಕಣ್ಣಿಟ್ಟು ಹಾಡಿದ್ದಾಗಿ ಹ್ಯಾರಿಸ್ ಆಮೇಲೆ ನೆನೆದುಕೊಂಡಿದ್ದಾರೆ. ಆ ಆಲ್ಬಂನಲ್ಲಿ ಅವರ ದನಿ ಅಲ್ಲಲ್ಲಿ ಒಂದು ಕ್ಷಣ ತಡವಾಗಿ ಬಂದು ಸೇರುವುದನ್ನು, ತುಟಿ ಚಲಿಸಿದ ಮೇಲೆ ಸ್ವರ ಹೊರಡುವುದನ್ನು ಈಗಲೂ ಕೇಳಬಹುದು. ತಿದ್ದಿ ನಯಗೊಳಿಸಿದ್ದರೆ ಆ ಹಾಡುಗಳ ಅವಸರ, ಜೀವಂತಿಕೆ ಎರಡೂ ಉಳಿಯುತ್ತಿರಲಿಲ್ಲ. ರಾಯ್ ಆರ್ಬಿಸನ್ ಜೊತೆ ಹಾಡಿದ ಯುಗಳಗೀತೆಗೆ ಗ್ರ್ಯಾಮಿ ಪ್ರಶಸ್ತಿ ಬಂದದ್ದೂ ಈ ವರ್ಷಗಳ ಫಲವೇ.

ಪಾರ್ಟನ್, ರಾನ್‌ಸ್ಟಾಟ್ ಮತ್ತು ಹ್ಯಾರಿಸ್ ಕೂಡಿ ಒಂದು ಆಲ್ಬಂ ಮಾಡಬೇಕೆಂದು 1978ರಲ್ಲೇ ಸ್ಟುಡಿಯೊದಲ್ಲಿ ಸೇರಿದ್ದರು. ಆಗ ಪಾರ್ಟನ್ ಆರ್‌ಸಿಎ ಕಂಪನಿಯಲ್ಲಿ, ರಾನ್‌ಸ್ಟಾಟ್ ಅಸೈಲಂನಲ್ಲಿ, ಹ್ಯಾರಿಸ್ ವಾರ್ನರ್‌ನಲ್ಲಿ. ಮೂವರಿಗೂ ಬೇರೆ ಬೇರೆ ಮ್ಯಾನೇಜರುಗಳು, ಬೇರೆ ಬೇರೆ ಪ್ರವಾಸದ ವೇಳಾಪಟ್ಟಿಗಳು. ಕೆಲವೇ ದಿನಗಳಲ್ಲಿ ಎಲ್ಲವನ್ನೂ ಮುಗಿಸಬೇಕೆಂಬ ಒತ್ತಡದಲ್ಲಿ ಆ ಪ್ರಯತ್ನ ಕೈಬಿಟ್ಟುಹೋಯಿತು. ಆಗ ಮುದ್ರಿಸಿಕೊಂಡಿದ್ದ ಹಾಡುಗಳು ಒಬ್ಬೊಬ್ಬರ ಆಲ್ಬಂಗಳಲ್ಲಿ ಒಂದೊಂದಾಗಿ ಹಂಚಿಹೋದವು. ಮೊದಲು ಹೇಳಿದ ‘ಮಿಸ್ಟರ್ ಸ್ಯಾಂಡ್‌ಮನ್’ ಅಂಥದ್ದೊಂದು. ‘ಟ್ರಿಯೊ’ ಎಂಬ ಹೆಸರಿನ ಆಲ್ಬಂ ಕೊನೆಗೂ ಹೊರಬಂದದ್ದು 1987ರಲ್ಲಿ. ಅದು ಅಮೆರಿಕದಲ್ಲಿ ಹತ್ತು ಲಕ್ಷಕ್ಕೂ ಹೆಚ್ಚು ಪ್ರತಿಗಳು ಮಾರಾಟವಾಗಿ ಗ್ರ್ಯಾಮಿಯನ್ನೂ ಗಳಿಸಿತು.

ಅಲ್ಲಿಗೂ ತೊಡಕು ಮುಗಿಯಲಿಲ್ಲ. ಎರಡನೆಯ ಆಲ್ಬಂ 1994ರಲ್ಲಿ ಧ್ವನಿಮುದ್ರಣಗೊಂಡರೂ ಬಿಡುಗಡೆಯ ದಿನಾಂಕ, ಪ್ರಚಾರದ ಸಮಯಗಳು ಹೊಂದಿಕೆಯಾಗದೆ ಕಪಾಟು ಸೇರಿತು. ರಾನ್‌ಸ್ಟಾಟ್ ಅದರ ಕೆಲವು ಹಾಡುಗಳನ್ನು ಪಾರ್ಟನ್ ದನಿಯನ್ನು ತೆಗೆದು ತಮ್ಮ ಆಲ್ಬಂನಲ್ಲಿ ಬಳಸಿಕೊಂಡರು. ಮೂವರ ದನಿಯಲ್ಲೇ ಅದು ಹೊರಬರಲು 1999 ಬರಬೇಕಾಯಿತು. ಪಾರ್ಕಿನ್ಸನ್ಸ್ ಕಾಯಿಲೆಯಿಂದಾಗಿ ತಾವಿನ್ನು ಹಾಡಲಾರೆವೆಂದು ರಾನ್‌ಸ್ಟಾಟ್ 2013ರಲ್ಲಿ ಹೇಳಿದ ಮೇಲೆ ಈ ಎರಡು ಆಲ್ಬಂಗಳನ್ನು ಕೇಳುವಾಗ, ಕರಾರುಪತ್ರಗಳಿಗಾಗಿ ಕಳೆದುಹೋದ ಆ ವರ್ಷಗಳು ಮನಸ್ಸಿಗೆ ನೋವುಂಟುಮಾಡುತ್ತವೆ.

ಹ್ಯಾರಿಸ್ ಅವರ ಸ್ವಂತ ಬರವಣಿಗೆಯ ಹಾದಿಯೂ ಸುಗಮವಾಗಿರಲಿಲ್ಲ. ಪಾರ್ಸನ್ಸ್ ಜೊತೆಗಿನ ದಿನಗಳ ಛಾಯೆಯುಳ್ಳ ಕಥನಮಾಲೆಯೊಂದನ್ನು ಗೀತರಚನಕಾರ ಪಾಲ್ ಕೆನರ್ಲಿ ಜೊತೆ ಬರೆದು 1985ರಲ್ಲಿ ಆಲ್ಬಂ ಆಗಿ ತಂದರು. ಅದು ಮಾರಾಟದಲ್ಲಿ ಸೋತಿತು. ತೊಂಬತ್ತರ ದಶಕದ ಹೊತ್ತಿಗೆ ಕಂಟ್ರಿ ರೇಡಿಯೊ ಅವರ ಪೀಳಿಗೆಯನ್ನು ಬದಿಗೆ ಸರಿಸತೊಡಗಿತ್ತು. 1991ರಲ್ಲಿ ಅವರು ಕಂಟ್ರಿ ಸಂಗೀತದ ಹಳೆಯ ನೆಲೆಯಾದ ನ್ಯಾಶ್‌ವಿಲ್‌ನ ರೈಮನ್ ಸಭಾಂಗಣದಲ್ಲಿ ಹಾಡಿದಾಗ ಆ ಕಟ್ಟಡ ಎಷ್ಟು ಶಿಥಿಲವಾಗಿತ್ತೆಂದರೆ ಬಾಲ್ಕನಿಯ ಮೇಲಾಗಲಿ ಕೆಳಗಾಗಲಿ ಯಾರೂ ಕೂರುವಂತಿರಲಿಲ್ಲ. ಸುಮಾರು ಇನ್ನೂರು ಜನಕ್ಕಷ್ಟೇ ಪ್ರವೇಶವಿತ್ತು. ಆ ಕಛೇರಿಗಳ ಆಲ್ಬಂ ಸಭಾಂಗಣದತ್ತ ಮತ್ತೆ ಜನರ ಗಮನ ಸೆಳೆಯಿತು. ದುರಸ್ತಿಯಾಗಿ 1994ರಲ್ಲಿ ಅದು ಪುನಃ ತೆರೆಯಿತು.

ಮರುವರ್ಷವೇ ತಮ್ಮ 48ನೆಯ ವಯಸ್ಸಿನಲ್ಲಿ ಅವರು ಕೆನಡಾದ ನಿರ್ಮಾಪಕ ಡ್ಯಾನಿಯಲ್ ಲನ್ವಾ ಜೊತೆ ‘ರೆಕಿಂಗ್ ಬಾಲ್’ ಮಾಡಿದರು. ಕಂಟ್ರಿಯ ಪಿಟೀಲು, ಸ್ಟೀಲ್ ಗಿಟಾರ್‌ಗಳ ಜಾಗದಲ್ಲಿ ಇಲ್ಲಿ ಮಂಜಿನಂತೆ ಕವಿಯುವ ಗಿಟಾರ್ ನಾದ, ಐರ್ಲೆಂಡಿನ ಯು2 ತಂಡದ ಲ್ಯಾರಿ ಮಲನ್ ನುಡಿಸಿದ ಡ್ರಮ್ಸ್. ಶೀರ್ಷಿಕೆಗೀತೆಯನ್ನು ಬರೆದ ನೀಲ್ ಯಂಗ್ ತಾವೇ ಬಂದು ಅದಕ್ಕೆ ಜೊತೆದನಿ ನೀಡಿದರು. ಇಪ್ಪತ್ತು ವರ್ಷ ಇತರರಿಗೆ ದನಿಗೂಡಿಸಿದವರಿಗೆ ಈಗ ಇತರರು ಬಂದು ದನಿಗೂಡಿಸತೊಡಗಿದ್ದರು. ಹಾಡಿನ ಆಯ್ಕೆಯಲ್ಲಿ ಗಿಲಿಯನ್ ವೆಲ್ಚ್‌ರಂತಹ, ಆಗಿನ್ನೂ ಹೆಚ್ಚಿನವರು ಕೇಳಿರದ ಕಿರಿಯರಿಗೂ ಜಾಗವಿತ್ತು. ಐದು ವರ್ಷಗಳ ಬಳಿಕ ಅದೇ ವೆಲ್ಚ್ ಹಾಗೂ ಆಲಿಸನ್ ಕ್ರೌಸ್ ಜೊತೆ ಹ್ಯಾರಿಸ್ ಹಾಡಿದ ಜೋಗುಳವೊಂದು ಕೊಯೆನ್ ಸೋದರರ ಚಿತ್ರಕ್ಕೆ ಸೇರಿ, ಆ ಚಿತ್ರದ ಧ್ವನಿಮುದ್ರಿಕೆ 2002ರಲ್ಲಿ ವರ್ಷದ ಆಲ್ಬಂ ಎಂಬ ಗ್ರ್ಯಾಮಿ ಪಡೆಯಿತು.

‘ರೆಕಿಂಗ್ ಬಾಲ್’ ಕೊಟ್ಟ ಧೈರ್ಯದಿಂದಲೇ 2000ದ ‘ರೆಡ್ ಡರ್ಟ್ ಗರ್ಲ್’ ಬಂತೆನ್ನಬಹುದು. ಅದರ ಬಹುತೇಕ ಎಲ್ಲ ಹಾಡುಗಳೂ ಅವರ ಸ್ವಂತ ಅಥವಾ ಸಹರಚನೆಗಳು. 1993ರಲ್ಲಿ ತೀರಿಕೊಂಡ ತಂದೆಗೆ ಅರ್ಪಿಸಿದ ಹಾಡನ್ನು ಗೀತರಚನಕಾರ ಗೈ ಕ್ಲಾರ್ಕ್ ಜೊತೆ ಬರೆದರು. ಶೀರ್ಷಿಕೆಗೀತೆ ಅಮೆರಿಕದ ದಕ್ಷಿಣ ಭಾಗದ ಕೆಂಪುಮಣ್ಣಿನ ಊರಿನಿಂದ ಹೊರಹೋಗುವ ಕನಸು ಕಂಡು, ಹೋಗಲಾರದೆ ಅಲ್ಲೇ ಕರಗಿಹೋದ ಗೆಳತಿಯೊಬ್ಬಳ ಕಥೆ. ಅದನ್ನು ಹೇಳುವುದು ಆ ಹುಡುಗಿಯಲ್ಲ, ಪಕ್ಕದಲ್ಲಿ ನಿಂತು ನೋಡಿದವಳು. ಹ್ಯಾರಿಸ್ ಅವರ ಲೇಖನಿಯೂ ಅವರ ದನಿಯಂತೆಯೇ ಇನ್ನೊಂದು ಜೀವದ ಬಗಲಿಗೆ ನಿಂತಾಗ ಹೆಚ್ಚು ನಿಚ್ಚಳವಾಗುತ್ತದೆ.

ಮುಂದಿನ ಮೈಲಿಗಲ್ಲುಗಳು ಬೇಗ ಹೇಳಿ ಮುಗಿಸುವಂಥವು. 2006ರಲ್ಲಿ ಬ್ರಿಟನ್ನಿನ ಗಿಟಾರ್ ವಾದಕ ಮಾರ್ಕ್ ನಾಪ್‌ಫ್ಲರ್ ಜೊತೆಗೊಂದು ಆಲ್ಬಂ, 2008ರಲ್ಲಿ ಕಂಟ್ರಿ ಮ್ಯೂಸಿಕ್ ಹಾಲ್ ಆಫ್ ಫೇಮ್ ಗೌರವ, 2013ರಲ್ಲಿ ಹಾಟ್ ಬ್ಯಾಂಡ್‌ನ ಹಳೆಯ ಒಡನಾಡಿ ಕ್ರೌವೆಲ್ ಜೊತೆಗಿನ ‘ಓಲ್ಡ್ ಯೆಲ್ಲೊ ಮೂನ್’ ಮತ್ತು ಅದಕ್ಕೆ ಇನ್ನೊಂದು ಗ್ರ್ಯಾಮಿ.

ಸ್ವೀಡನ್ನಿನ ಫಸ್ಟ್ ಏಡ್ ಕಿಟ್ ಎಂಬ ಅಕ್ಕತಂಗಿಯರ ಜೋಡಿ 2012ರಲ್ಲಿ ‘ಎಮ್ಮಿಲೂ’ ಎಂಬ ಹಾಡನ್ನೇ ಕಟ್ಟಿತ್ತು. ಅದರಲ್ಲಿ ಒಲವಿನ ಜೋಡಿಗಳ ಮಾತು ಬರುವಲ್ಲಿ ಗ್ರ್ಯಾಮ್ ಮತ್ತು ಎಮ್ಮಿಲೂ ಹೆಸರುಗಳೇ ಬರುತ್ತವೆ. ಮೂರು ವರ್ಷಗಳ ಬಳಿಕ, 2015ರಲ್ಲಿ, ಸ್ಟಾಕ್‌ಹೋಮ್‌ನಲ್ಲಿ ಹ್ಯಾರಿಸ್ ಅವರಿಗೆ ಪೋಲಾರ್ ಸಂಗೀತ ಪ್ರಶಸ್ತಿ ಪ್ರದಾನವಾದಾಗ ಆ ಇಬ್ಬರು ಯುವತಿಯರು ವೇದಿಕೆಗೆ ಬಂದು ‘ರೆಡ್ ಡರ್ಟ್ ಗರ್ಲ್’ ಹಾಡಿದರು. ಒಬ್ಬಳು ಮೂಲಸ್ವರ ಹಿಡಿದಳು, ಇನ್ನೊಬ್ಬಳ ದನಿ ಅದಕ್ಕೆ ಬಂದು ಕೂಡಿಕೊಂಡಿತು. ಹ್ಯಾರಿಸ್ ಎದುರಿನ ಸಾಲಿನಲ್ಲಿ ಕೂತು ಕೇಳುತ್ತಿದ್ದರು.