ರೈಲು ಡಬ್ಬಿನೇ ಹಡಗು ಹತ್ತಿಸ್ತಿದ್ರಂತೆ, ಬರೀ ಸಾಮಾನು ಸಾಗಿಸಿದ್ರೆ ಸಾಲ್ತಿರ್ಲಿಲ್ವಾ?

ಪ್ರಶ್ನೆ: ಅಮೆರಿಕದ ಮಿಶಿಗನ್ ಸರೋವರದಲ್ಲಿ ಗೂಡ್ಸ್ ಗಾಡಿ ವ್ಯಾಗನ್‌ಗಳನ್ನ ಹಾಗೇ ಹಡಗಿಗೆ ಹತ್ತಿಸಿ ಆಚೆ ದಡ ಸೇರಿಸ್ತಿದ್ರು ಅಂತ ಓದಿದೆ. ಒಳಗಿರೋ ಸಾಮಾನು ಮಾತ್ರ ಸಾಗಿಸೋದು ಬಿಟ್ಟು ಗಾಲಿ, ಕಬ್ಬಿಣ ಎಲ್ಲಾ ಯಾಕೆ ಹೊತ್ಕೊಂಡು ಹೋಗ್ತಿದ್ರು?

ಉತ್ತರ: ಮೊದಲು ಅವ್ರು ಮಾಡಿದ್ದೂ ನೀವು ಹೇಳಿದ್ದನ್ನೇ. ಫ್ಲಿಂಟ್ ಅಂಡ್ ಪೇರ್ ಮಾರ್ಕೆಟ್ ಅಂತ ಒಂದು ರೈಲ್ವೆ ಕಂಪನಿ (ಮಾರ್ಕೆಟ್ ಅಂದ್ರೆ ಸಂತೆ ಅಲ್ಲ, ಒಬ್ಬ ಫ್ರೆಂಚ್ ಪಾದ್ರಿ ಹೆಸರು), ಅದರ ಹಳಿ 1874ರ ಕೊನೆಗೆ ಲಡಿಂಗ್ಟನ್ ಅನ್ನೋ ಊರಲ್ಲಿ ನೀರಿನ ಅಂಚಿಗೆ ಬಂದು ನಿಂತ್ಕೊಂತು. ಮುಂದೆ ಹೋಗೋಕೆ ದಾರಿ ಇಲ್ಲ, ಸರಿ ಅಂತ 1875ರಲ್ಲಿ ಒಂದು ಸ್ಟೀಮರ್ ಬಾಡಿಗೆಗೆ ಹಿಡಿದ್ರು. ಇದನ್ನ ನಮ್ಮೂರ ಕೆರೆ ಥರ ಅಂದ್ಕೋಬೇಡಿ ಮತ್ತೆ, 58,000 ಚದರ ಕಿ.ಮೀ. ನೀರು, ಹತ್ರತ್ರ ಕರ್ನಾಟಕದ ಮೂರನೇ ಒಂದು ಭಾಗ. ಲಡಿಂಗ್ಟನ್‌ನಿಂದ ಎದುರು ದಡದ ಮ್ಯಾನಿಟೋವಾಕ್‌ಗೆ ಸುಮಾರು 97 ಕಿ.ಮೀ., ನಡುವೆ ಹೋದ್ರೆ ಎರಡೂ ಕಡೆ ದಡ ಕಾಣಲ್ಲ.

ತೊಂದ್ರೆ ಬಂದಿದ್ದು ಹಮಾಲಿ ಲೆಕ್ಕದಲ್ಲಿ. ಪಶ್ಚಿಮದ ಗಿರಣಿಗಳಿಂದ ಗೋಧಿ ಹಿಟ್ಟು ಪೂರ್ವಕ್ಕೆ ಹೋಗ್ಬೇಕು ಅಂದ್ಕೊಳಿ, ವ್ಯಾಗನ್ನಲ್ಲಿ ಬಂದಿದ್ದನ್ನ ದಡದಲ್ಲಿ ಇಳಿಸ್ಬೇಕು, ಕೈಗಾಡಿ ಮೇಲೆ ತಳ್ಕೊಂಡು ಹೋಗಿ ಸ್ಟೀಮರ್ ಹೊಟ್ಟೆಗೆ ತುಂಬಬೇಕು, ಆಚೆ ದಡದಲ್ಲಿ ಮತ್ತೆ ಇಳಿಸಿ ಮತ್ತೆ ಇನ್ನೊಂದು ವ್ಯಾಗನ್‌ಗೆ ತುಂಬಬೇಕು. ಒಂದೇ ಮಾಲು ನಾಲ್ಕು ಸಲ ಕೈ ಬದಲಾಯ್ತು. ಕೂಲಿ ಖರ್ಚು ಬೇರೆ, ಒಡೆದಿದ್ದು ಚೆಲ್ಲಿದ್ದು ಬೇರೆ, ಅಷ್ಟೊತ್ತೂ ಸ್ಟೀಮರ್ ದಡದಲ್ಲಿ ಸುಮ್ನೆ ನಿಂತಿರುತ್ತೆ. ಇದ್ಯಾವ ಗೋಳೂ ಬೇಡ ಅಂತ ಸರೋವರದ ದಕ್ಷಿಣ ತುದಿ ಸುತ್ಕೊಂಡು ರೈಲಲ್ಲೇ ಕಳ್ಸಿದ್ರೆ ಅಲ್ಲಿ ಚಿಕಾಗೋ ಇದೆ, ಅಲ್ಲಿನ ಯಾರ್ಡ್ ಒಳಗೆ ಹೊಕ್ಕ ವ್ಯಾಗನ್ ಯಾವಾಗ ಹೊರಗೆ ಬರುತ್ತೆ ಅಂತ ಯಾರಿಗೂ ಗ್ಯಾರಂಟಿ ಇಲ್ಲ.

ಹಂಗಾಗಿ ವ್ಯಾಗನ್ನೇ ಹತ್ತಿಸ್ಬಿಡೋಣ ಅಂತ ಹೊರಟೋನು ಜೇಮ್ಸ್ ಆಶ್ಲಿ. ರೈಲ್ವೆಗೆ ಬರೋಕೆ ಮುಂಚೆ ಸಂಸದ ಆಗಿದ್ದ, ಗುಲಾಮಗಿರಿ ರದ್ದು ಮಾಡೋ ಸಂವಿಧಾನ ತಿದ್ದುಪಡಿಗೆ ಓಡಾಡಿದೋರಲ್ಲಿ ಇವನೂ ಒಬ್ಬ. ಇವನ ಲೈನೂ ಫ್ರಾಂಕ್‌ಫರ್ಟ್ (ಜರ್ಮನಿದಲ್ಲ, ಮಿಶಿಗನ್‌ದು) ದಡದಲ್ಲೇ ಮುಗಿದಿತ್ತು. ನದಿ, ಜಲಸಂಧಿ ಮೇಲೆ ವ್ಯಾಗನ್ ದಾಟಿಸೋದು ಅಷ್ಟೊತ್ತಿಗೆ ಹಳೇ ವಿಷಯ, ಇಷ್ಟಗಲ ತೆರೆದ ನೀರಲ್ಲಿ ಯಾರೂ ಕೈ ಹಾಕಿರ್ಲಿಲ್ಲ. 1892ರಲ್ಲಿ ಆನ್ ಆರ್ಬರ್ ನಂಬರ್ 1 ಅನ್ನೋ ಮರದ ಹಡಗು ಇಳಿಸಿದ, ನಾಲ್ಕು ಸಾಲು ಹಳಿ, 24 ವ್ಯಾಗನ್. ವಿನ್ಯಾಸ ಫ್ರಾಂಕ್ ಕರ್ಬಿದು, ಅವನು ಹಿಂದೆ ಪ್ರೊಪೆಲ್ಲರ್ ಇಟ್ಟಿದ್ದಲ್ದೆ ಮೂತಿ ಹತ್ರನೂ ಒಂದು ಇಟ್ಟ. ಚಳಿಗಾಲದಲ್ಲಿ ಅದು ಮಂಜುಗಡ್ಡೆ ಕೆಳಗಿನ ನೀರನ್ನ ಎಳ್ಕೊಂಡ್ಬಿಡುತ್ತೆ, ಕೆಳಗೆ ಆಸರೆ ತಪ್ಪಿದ ಗಡ್ಡೆ ಹಡಗಿನ ಭಾರಕ್ಕೆ ಮುರಿಯುತ್ತೆ. 1888ರಲ್ಲೇ ಸರೋವರದ ಉತ್ತರ ತುದಿಯ ಮ್ಯಾಕಿನಾ ಜಲಸಂಧಿಯ ಫೆರಿಯಲ್ಲಿ (ದಡದಿಂದ ದಡಕ್ಕೆ ದಾಟಿಸೋ ಹಡಗು) ಮಾಡಿ ನೋಡಿದ್ದ ಉಪಾಯ ಅದು. 1897ಕ್ಕೆ ಮೊದಲಿನ ಕಂಪನಿನೂ ಪೇರ್ ಮಾರ್ಕೆಟ್ ಅಂತ ಉಕ್ಕಿನ ಫೆರಿ ಓಡಿಸೋಕೆ ಶುರು ಮಾಡ್ತು.

ನಂಗೆ ಇದ್ರಲ್ಲಿ ತುಂಬಾ ಇಷ್ಟ ಆಗೋದು ಲೋಡಿಂಗ್. ಹಡಗು ರಿವರ್ಸ್‌ನಲ್ಲಿ ಬಂದು ದಡಕ್ಕೆ ಬೆನ್ನು ಕೊಟ್ಟು ನಿಲ್ಲುತ್ತೆ, ದಡದಿಂದ ಕೀಲಿರೋ ಒಂದು ಸೇತುವೆ ತುಂಡು ಇಳಿದು ಹಡಗಿನ ಹಳಿಗೆ ಹಳಿ ಕೂಡಿಸುತ್ತೆ, ಇಂಜಿನ್ ವ್ಯಾಗನ್‌ಗಳನ್ನ ಒಳಗೆ ತಳ್ಳಿ ತಾನು ದಡದಲ್ಲೇ ಉಳ್ಕೊಳುತ್ತೆ. ಒಂದೇ ಪಕ್ಕದ ಸಾಲು ಪೂರ್ತಿ ತುಂಬೋ ಹಾಗಿಲ್ಲ, ಈ ಕಡೆ ಸ್ವಲ್ಪ ಆ ಕಡೆ ಸ್ವಲ್ಪ ಅಂತ ತೂಗಿಸ್ಕೊಂಡೇ ಹೋಗ್ಬೇಕು. 1909ರಲ್ಲಿ ಮ್ಯಾನಿಸ್ಟಿಕ್ ಅನ್ನೋ ಬಂದರಲ್ಲಿ ಕಬ್ಬಿಣದ ಅದಿರಿನ ವ್ಯಾಗನ್ ಹತ್ತಿಸೋವಾಗ ಬ್ಯಾಲೆನ್ಸ್ ತಪ್ಪಿ ಆನ್ ಆರ್ಬರ್ ನಂಬರ್ 4 ನಿಂತಲ್ಲೇ ಮಗುಚ್ಕೊಂತು! ಹತ್ತಿಸಿದ್ಮೇಲೆ ವ್ಯಾಗನ್ ಕೆಳಗೆ ಜಾಕ್ ಕೊಟ್ಟು ಎತ್ತಬೇಕು, ಇಲ್ಲಾಂದ್ರೆ ಅದರ ಸ್ಪ್ರಿಂಗ್ ಮೇಲೆ ಅದು ಓಲಾಡ್ತಾ ಇರುತ್ತೆ, ಗಾಲಿ ಅಲುಗದ ಹಾಗೆ ಕ್ಲಾಂಪ್, ಆಮೇಲೆ ಚೈನ್ ಬಿಗೀಬೇಕು. ಒಂದು ಚೈನ್ ಕಿತ್ರೆ ಮುಗೀತು, ಕಲ್ಲಿದ್ದಲು ತುಂಬಿದ ವ್ಯಾಗನ್ ಅಲೆಗೆ ಹಿಂದೆ ಮುಂದೆ ಓಡಿ ಹಡಗನ್ನೇ ಒಳಗಿಂದ ಗುದ್ದುತ್ತೆ.

ಹಮಾಲಿ ಉಳಿಸೋಕೆ ಅಂತ ಹಡಗಿನ ಹಿಂಭಾಗ ಪೂರ್ತಿ ತೆರೆದಿಟ್ರಲ್ಲ, ಆಮೇಲೆ ಜೀವ ತೆಗೆದಿದ್ದೂ ಅದೇ ಕಡೆಯಿಂದ. ಶುರುವಲ್ಲಿ ಹಿಂದೆ ಬಾಗಿಲು ಅನ್ನೋದೇ ಇರ್ಲಿಲ್ಲ. 1910ರ ಸೆಪ್ಟೆಂಬರ್‌ನಲ್ಲಿ ಪೇರ್ ಮಾರ್ಕೆಟ್ 18 ಅನ್ನೋ ಫೆರಿಯ ಹಿಂಭಾಗದಲ್ಲಿ ನೀರು ತುಂಬ್ತಾ ಬಂತು, ಹಗುರ ಆಗ್ಲಿ ಅಂತ ವ್ಯಾಗನ್‌ಗಳನ್ನೇ ಒಂದೊಂದಾಗಿ ಸರೋವರಕ್ಕೆ ತಳ್ಳಿದ್ರು, ವೈರ್‌ಲೆಸ್‌ನಲ್ಲಿ ಸಹಾಯ ಕೇಳಿದ್ರು, 17ನೇ ನಂಬರ್ ಹಡಗು ಓಡಿ ಬಂತು, ಆದ್ರೂ 18 ಮುಳುಗ್ತು. ಸತ್ತೋರು 25ಕ್ಕೂ ಹೆಚ್ಚು, ಅಧಿಕಾರಿಗಳು ಒಬ್ರೂ ಉಳೀಲಿಲ್ಲ, ಹಾಗಾಗಿ ನೀರು ಎಲ್ಲಿಂದ ನುಗ್ತು ಅಂತ ಹೇಳೋರೇ ಇಲ್ಲ. ಆಮೇಲಾಮೇಲೆ ಹಿಂದೆ ಸೀ ಗೇಟ್ ಅಂತ ಉಕ್ಕಿನ ತಡೆ ಬಂತು. ಅದೂ ಸಾಲ್ಲಿಲ್ಲ. 1929ರ ಅಕ್ಟೋಬರ್ 22ಕ್ಕೆ ಮಿಲ್ವಾಕಿ ಅನ್ನೋ ಫೆರಿ ಬಿರುಗಾಳಿಯಲ್ಲೇ ಹೊರಟು ಒಬ್ರನ್ನೂ ಉಳಿಸ್ದೆ ಮುಳುಗ್ತು. ಆಮೇಲೆ ಸಿಕ್ಕ ಒಂದು ಡಬ್ಬದಲ್ಲಿ ಹಡಗಿನ ಲೆಕ್ಕ ನೋಡ್ಕೊಳೋನು ಬರೆದಿಟ್ಟ ಚೀಟಿ ಇತ್ತು, ಸೀ ಗೇಟ್ ಬಾಗಿದೆ ಅಂತ. ಅದರ ಜೊತೆಗೇ, ಹಡಗಲ್ಲಿರೋರ ಪಟ್ಟಿ ಹೋದ ಸಂಬಳದ ದಿನ ಇದ್ದ ಹಾಗೇ ಇದೆ ಅಂತಾನೂ ಬರೆದಿದ್ದ.

ವ್ಯಾಗನ್ ಸಾಗಾಟ ಆಮೇಲೂ ದಶಕಗಟ್ಟಲೆ ನಡೀತು, 1990ಕ್ಕೆ ನಿಂತೋಯ್ತು. 1953ರಲ್ಲಿ ಓಡೋಕೆ ಶುರು ಮಾಡಿದ ಬ್ಯಾಡ್ಜರ್ ಅನ್ನೋ ಹಡಗು ಮಾತ್ರ ಕಲ್ಲಿದ್ದಲು ಉರಿಸ್ಕೊಂಡು ಇವತ್ತಿಗೂ ಲಡಿಂಗ್ಟನ್‌ನಿಂದ ಮ್ಯಾನಿಟೋವಾಕ್‌ಗೆ ಬೇಸಿಗೆ ತಿಂಗಳುಗಳಲ್ಲಿ ನಾಲ್ಕು ಗಂಟೆ ಪ್ರಯಾಣ ಮಾಡುತ್ತೆ. ಈಗ ವ್ಯಾಗನ್ ಬದಲು ಕಾರು. ದಡದಲ್ಲಿ ಕೀ ಅವ್ರ ಕೈಗೆ ಕೊಡ್ಬೇಕು, ಅವ್ರೇ ಓಡಿಸ್ಕೊಂಡು ಹೋಗಿ ಒಳಗೆ ಸಾಲಾಗಿ ನಿಲ್ಲಿಸ್ತಾರೆ, ನೀವು ನಡ್ಕೊಂಡು ಹತ್ತಬೇಕು.