ಎರೆಹುಳದ ತೊಟ್ಟಿಯಲ್ಲಿ ಪುಟುಪುಟು ಜಿಗಿಯುವ ಬಿಳಿ ಹುಳ

ಹೋದ ಮಳೆಗಾಲದಲ್ಲಿ ಜಮಖಂಡಿ ಕಡೆಯ ರೈತರೊಬ್ಬರು ಫೋನ್ ಮಾಡಿದ್ದರು. "ಸರ, ಎರೆಹುಳದ ತೊಟ್ಟಿಗೆ ಬಿಳೀ ಹುಳ ಬಿದ್ದಾವ್ರಿ, ಮುಟ್ಟಿದ್ರ ಪುಟು ಪುಟು ಜಿಗೀತಾವ. ಅಂಗಡ್ಯಾಗ ಕೇಳಿ ಎಣ್ಣಿ ಹೊಡದೇನ್ರಿ." ಎಣ್ಣೆ, ಅಂದರೆ ಕೀಟನಾಶಕ, ಹೊಡೆದ ಮೂರನೇ ದಿನ ಬಿಳಿ ಹುಳ ಸತ್ತಿದ್ದವು, ಸರಿ. ಎರೆಹುಳವೂ ಸತ್ತು ತೊಟ್ಟಿ ನಾರತೊಡಗಿತ್ತು. ಅವರು ಫೋನ್ ಮಾಡಿದ್ದೇ ಆಮೇಲೆ.

ಇಂಥ ಫೋನು ನನಗೆ ಜೂನ್‌ನಿಂದ ಅಕ್ಟೋಬರ್‌ವರೆಗೆ ಬರುತ್ತಲೇ ಇರುತ್ತವೆ. ಚಿಗಟ ಅಂತಾರೆ, ಹೇನು ಅಂತಾರೆ, ನುಸಿ ಅಂತಾರೆ. ಇದು ಯಾವುದೂ ಅಲ್ಲ. ಇದರ ಹೆಸರು ಸ್ಪ್ರಿಂಗ್‌ಟೇಲ್. ಕಚ್ಚಲ್ಲ, ರಕ್ತ ಹೀರಲ್ಲ, ಎರೆಹುಳವನ್ನೂ ತಿನ್ನಲ್ಲ. ಕೊಳೆಯುವ ರವದಿ (ಕಬ್ಬಿನ ಒಣ ಎಲೆ), ಸಗಣಿಯ ಮೇಲೆ ಬೆಳೆಯುವ ಬೂಸ್ಟನ್ನು ಮೇಯ್ದುಕೊಂಡಿರುತ್ತದೆ, ಅಷ್ಟೆ.

ಗುರುತು ಹಿಡಿಯೋದು ಸುಲಭ. ಸ್ಟೀಲ್ ತಟ್ಟೆಯಲ್ಲಿ ನೀರು ಹಾಕಿ ಒಂದು ಚಮಚ ಗೊಬ್ಬರ ಉದುರಿಸಿ. ಗೊಬ್ಬರ ಮುಳುಗುತ್ತದೆ, ಇವು ಮಾತ್ರ ನೀರಿನ ಮೇಲೆ ಹಿಟ್ಟು ಚೆಲ್ಲಿದ ಹಾಗೆ ತೇಲುತ್ತವೆ, ಯಾಕಂದ್ರೆ ಇವುಗಳ ಮೈಗೆ ನೀರು ಹತ್ತುವುದೇ ಇಲ್ಲ. ಕಡ್ಡಿಯಿಂದ ಮುಟ್ಟಿ ನೋಡಿ, ನೀರಿನ ಮೇಲಿಂದಲೇ ಚಿಮ್ಮುತ್ತವೆ. ನುಸಿಗೆ ಎಂಟು ಕಾಲು, ಮೈ ದುಂಡಗೆ, ನಿಧಾನಕ್ಕೆ ಹರಿದಾಡುತ್ತದೆ, ಜಿಗಿಯಲ್ಲ. ಬಿಳಿ ದಾರದಂತೆ ಹೊರಳಾಡುತ್ತಾ ಕಾಲೇ ಇಲ್ಲದ್ದು ಕಂಡರೆ ಅದು ಎರೆಹುಳದ ದೂರದ ನೆಂಟ, ಇನ್ನೊಂದು ಸಣ್ಣ ಹುಳ.

ಜಿಗಿತದ ಗುಟ್ಟು ಹೊಟ್ಟೆಯ ಕೆಳಗಿದೆ. ಎರಡು ಕವಲಿನ ಬಾಲವೊಂದು ಮುಂದಕ್ಕೆ ಮಡಚಿ ಕೊಕ್ಕೆಗೆ ಸಿಕ್ಕಿಸಿಕೊಂಡಿರುತ್ತದೆ. ಹೆದರಿಕೆಯಾದರೆ, ಇಲಿ ಬೋನಿನ ಕೊಕ್ಕೆ ಬಿಟ್ಟಂತೆ ಫಟ್ ಅಂತ ಕಳಚಿ ನೆಲಕ್ಕೆ ಬಡಿಯುತ್ತದೆ, ಹುಳ ಗಾಳಿಯಲ್ಲಿ. ಆರು ಕಾಲಿದ್ದರೂ ಇದನ್ನು ಈಗ ಕೀಟಗಳಿಂದ ಬೇರೆ ಗುಂಪಿನಲ್ಲೇ ಇಡುತ್ತಾರೆ: ಬಾಯಿ ತಲೆಯೊಳಗೆ ಹುದುಗಿದೆ, ಹೊಟ್ಟೆಯಲ್ಲಿ ಆರೇ ಖಂಡ, ದೊಡ್ಡದಾದ ಮೇಲೂ ಪೊರೆ ಬಿಡುತ್ತಲೇ ಇರುತ್ತದೆ. ಹಳೇ ಕುಲ ಬೇರೆ. ಸ್ಕಾಟ್ಲೆಂಡಿನ ಕಲ್ಲಿನಲ್ಲಿ ಸುಮಾರು 40 ಕೋಟಿ ವರ್ಷ ಹಿಂದಿನ ಸ್ಪ್ರಿಂಗ್‌ಟೇಲ್ ಸಿಕ್ಕಿದೆ.

ಜಗತ್ತಿನಲ್ಲಿ ಹೆಸರಿಟ್ಟ ಜಾತಿಗಳೇ ಸುಮಾರು 9000. ಬೆಳಗಾವಿಯ ಹಳೇ ಮನೆಗಳ ಬಚ್ಚಲಲ್ಲಿ ಮಳೆಗಾಲಕ್ಕೆ ಕಾಣುವ ಬೂದು ಬಣ್ಣದವು ಬೇರೆ. ಗೊಬ್ಬರ, ಹೂಕುಂಡಗಳಲ್ಲಿ ಹೆಸರಾದದ್ದು ಫಾಲ್ಸೋಮಿಯಾ ಕ್ಯಾಂಡಿಡಾ. ಹಾಲುಬಿಳುಪು, ಒಂದೂವರೆಯಿಂದ ಮೂರು ಮಿಲಿಮೀಟರ್ ಉದ್ದ. ಹತ್ತು ಪಟ್ಟು ತೋರಿಸುವ ಕೈ ಲೆನ್ಸ್ ಹಿಡಿದರೆ ತಲೆ ಮೇಲೆ ಕಣ್ಣಿನ ಚುಕ್ಕೆಯೇ ಇಲ್ಲ, ಹುಟ್ಟು ಕುರುಡು. ಹೊಟ್ಟೆಯ ಕೊನೆಯ ಮೂರು ಖಂಡ ಬೆಸೆದು ಒಂದೇ ಆಗಿರುತ್ತವೆ, ಆದರೆ ಅದನ್ನು ನೋಡಲು ಮೈಕ್ರೋಸ್ಕೋಪ್ ಬೇಕು. ಬಿಳಿ, ಕುರುಡು, ಆದರೆ ಎಷ್ಟು ಚುಚ್ಚಿದರೂ ಜಿಗಿಯದೆ ಸುಮ್ನೆ ನಡೆದುಹೋದರೆ ಅದು ಇನ್ನೊಂದು ಕುಟುಂಬದ್ದು, ಅದಕ್ಕೆ ಆ ಬಾಲವೇ ಇಲ್ಲ. ಫಾಲ್ಸೋಮಿಯಾದಲ್ಲಿ ಇನ್ನೊಂದು ಮಜಾ, ಹೆಚ್ಚುಕಡಿಮೆ ಎಲ್ಲವೂ ಹೆಣ್ಣೇ. ವೊಲ್ಬಾಕಿಯಾ ಅನ್ನೋ ಬ್ಯಾಕ್ಟೀರಿಯಾ ಮೈಯೊಳಗಿದ್ದು, ಗಂಡಿನ ಗೊಡವೆಯಿಲ್ಲದೆ ಮೊಟ್ಟೆ ಇಡುತ್ತವೆ. ಹದವಾದ ತಂಪಿನಲ್ಲಿ ಹತ್ತು ದಿನಕ್ಕೆಲ್ಲ ಮರಿ, ಇನ್ನು ಮೂರು ವಾರಕ್ಕೆ ಆ ಮರಿಯೂ ತಾಯಿ. "ರಾತ್ರೋರಾತ್ರಿ ಬಂದಾವ್ರಿ" ಅನ್ನೋದು ಇದಕ್ಕೇ.

ರಾಶಿ ರಾಶಿ ಕಂಡರೆ ತೊಟ್ಟಿಗೆ ನೀರು ಜಾಸ್ತಿ ಆಗಿದೆ ಅಂತ ತಿಳಿಯಿರಿ. ಒಂದು ಹಿಡಿ ಹಿಂಡಿದರೆ ಒಂದೆರಡು ಹನಿ ಬರಬೇಕು, ಧಾರೆ ಅಲ್ಲ. ಮೇಲಿನ ತಟ್ಟು ಎರಡು ದಿನ ತೆಗೆದು ಗಾಳಿಯಾಡಲು ಬಿಡಿ, ಒಣ ರವದಿ ಬೆರೆಸಿ. ಅಣಬೆ ಬೆಳೆಯುವವರ ಮಾತು ಬೇರೆ. ಕೆಲವು ಜಾತಿ ಅಣಬೆಗೂ ಬಾಯಿ ಹಾಕುತ್ತವೆ, ಅವರ ಸಿಟ್ಟು ನ್ಯಾಯವೇ.

ಮಣ್ಣಿನಲ್ಲಿ ವಿಷ ಎಷ್ಟಿದೆ ಅಂತ ಅಳೆಯಲು ಪ್ರಯೋಗಾಲಯಗಳು ಸಾಕಿಕೊಳ್ಳುವುದು ಇದೇ ಫಾಲ್ಸೋಮಿಯಾವನ್ನು. ಐಎಸ್‌ಒ 11267 ಅನ್ನೋ ಅಂತರರಾಷ್ಟ್ರೀಯ ಮಾನದಂಡದ ಪರೀಕ್ಷೆಯಲ್ಲಿ ಹತ್ತು ಮರಿಗಳನ್ನು ಮಣ್ಣಿಗೆ ಬಿಟ್ಟು 28 ದಿನಕ್ಕೆ ಎಷ್ಟು ಉಳಿದವು, ಎಷ್ಟು ಹುಟ್ಟಿದವು ಅಂತ ಎಣಿಸುತ್ತಾರೆ. ನಮ್ಮ ರೈತರು "ಎಣ್ಣಿ ಹೊಡದ ಗೊಬ್ಬರ ಬದನಿ ಗಿಡಕ್ಕ ಹಾಕ್ಲೇನ್ರಿ?" ಅಂದಾಗ ನನಗೆ ಅದೇ ನೆನಪಾಯಿತು. ಸದ್ಯ ಬೇಡ ಅಂದು, ಎರಡು ಪ್ಲಾಸ್ಟಿಕ್ ಡಬ್ಬಿ ಇಡಿಸಿದೆ. ಒಂದರಲ್ಲಿ ಎಣ್ಣೆ ಬಿದ್ದ ಗೊಬ್ಬರ, ಇನ್ನೊಂದರಲ್ಲಿ ಪಕ್ಕದ ತೊಟ್ಟಿಯದು, ಎರಡಕ್ಕೂ ಹತ್ತತ್ತು ಬಿಳಿ ಹುಳ. ಎಣಿಸುವ ಕೆಲಸ ಏಳನೇ ಕ್ಲಾಸಿನ ಮಗಳದ್ದು. ನಾಲ್ಕನೇ ದಿನ ಸಂಜೆ ಆ ಹುಡುಗಿಯೇ ಫೋನ್ ಮಾಡಿದಳು. "ಅಂಕಲ್, ಅಪ್ಪನ ಡಬ್ಬಿಯೊಳಗ ಒಂದೂ ಇಲ್ರಿ. ಇನ್ನೊಂದರಾಗ ಹತ್ತೂ ಅದಾವ್ರಿ, ಮುಚ್ಚಳ ತಗದ್ರ ಜಿಗೀತಾವ."